ಶವದ ಮುಂದೆ ಅಳಬಾರದವರು

ಪತ್ತೇದಾರಿ ಧಾರಾವಾಹಿಯ ಮೊದಲನೆಯ ಕಂತಿನಲ್ಲಿ ಒಂದು ಶವ ಬೀಳುತ್ತದೆ. ಎರಡನೆಯ ಕಂತಿಗೆ ಅದನ್ನು ಎಲ್ಲರೂ ಮರೆತಿರುತ್ತಾರೆ. ಪತ್ತೇದಾರನು ಸಿಗರೇಟು ಹಚ್ಚಿ ಕೊಲೆಗಾರನ ಬೆನ್ನು ಹತ್ತುತ್ತಾನೆ. ಶವದ ಪಕ್ಕದಲ್ಲಿ ಮಂಡಿಯೂರಿ ಕುಳಿತವರ ಪಾಡೇನಾಯಿತೆಂದು ವಾಚಕರಾದ ನಾವು ಕೇಳುವುದೇ ಇಲ್ಲ.

ನ್ಯೂಯಾರ್ಕ್ ನಗರದಲ್ಲಿ ಸಂಶಯಾಸ್ಪದ ಮರಣಗಳ ವಿಚಾರಣೆಗೆಂದು 1918ರಿಂದಲೂ ಒಂದು ವೈದ್ಯಕೀಯ ಕಚೇರಿಯಿದೆ. 1992ರಲ್ಲಿ ಅಲ್ಲಿ ತನಿಖೆಗಾರರಾಗಿ ಸೇರಿದ ಬಾರ್ಬರಾ ಬುಚರ್ ಎಂಬಾಕೆ, 2015ರಲ್ಲಿ ಕೆಲಸ ಬಿಡುವುದರೊಳಗೆ 5,500ಕ್ಕೂ ಹೆಚ್ಚು ಮರಣಗಳನ್ನು ತನಿಖೆ ಮಾಡಿದ್ದರು. ಅವುಗಳಲ್ಲಿ 680 ಕೊಲೆಗಳು. ಲೆಕ್ಕ ಹಾಕಿದರೆ ವಾರಕ್ಕೆ ನಾಲ್ಕೈದು ಸಾವು! ಕುಡಿತದ ಚಟದಿಂದ ಪಾರಾಗಿ ಹೊಸ ಬಾಳನ್ನು ಅರಸಿ ಬಂದಿದ್ದ ಆಕೆಗೆ ಇಂತಹ ವೃತ್ತಿಯೇ ಆಸರೆಯಾದುದು ಸೋಜಿಗವಲ್ಲವೇ?

ಶರೀರದಲ್ಲಿ ಎಷ್ಟು ಶಾಖ ಉಳಿದಿದೆ, ಕೈಕಾಲುಗಳು ಎಷ್ಟು ಸೆಟೆದಿವೆ, ಚರ್ಮದಡಿಯಲ್ಲಿ ರಕ್ತವು ಎತ್ತ ಇಳಿದಿದೆ ಎಂಬುದರಿಂದ ಸಾವಿನ ಹೊತ್ತನ್ನು ಅಂದಾಜು ಮಾಡಬೇಕು. ಯಾವುದನ್ನೂ ಕದಲಿಸುವ ಮುನ್ನ ಛಾಯಾಚಿತ್ರ ತೆಗೆಯಬೇಕು. ಇದನ್ನೆಲ್ಲ ಕಲಿಸಬಹುದು. ಆದರೆ ಔಷಧದ ಸೀಸೆಗಳನ್ನು ಎಣಿಸುತ್ತಿರುವಾಗ ಮರುದಿನ ಮಾಡಬೇಕಾದ ಕೆಲಸಗಳನ್ನು ಬರೆದಿಟ್ಟ ಚೀಟಿಯೊಂದು ಕೈಗೆ ಸಿಗುತ್ತದೆ. ಅರ್ಧ ಉಂಡ ತಟ್ಟೆ ಮೇಜಿನ ಮೇಲೆಯೇ ಇರುತ್ತದೆ. ಬಾಗಿಲಾಚೆ ತಾಯಿ ಕಾದಿರುತ್ತಾಳೆ. ಶವವು ಏನನ್ನೂ ಕೇಳದು, ಆಕೆ ಕೇಳುತ್ತಾಳೆ: "ಬಹಳ ನೋವಾಯಿತೇನು?" ಆಗಲೂ ಅಳುವಂತಿಲ್ಲ. ಕಣ್ಣು ಮಂಜಾದರೆ ಸಾಕ್ಷ್ಯ ತಪ್ಪಿಹೋದೀತು.

2001ರ ಸೆಪ್ಟೆಂಬರ್ 11ರಂದು ಆ ನಗರದ ಅವಳಿ ಗೋಪುರಗಳು ಉರುಳಿದಾಗ ಮಡಿದವರು 2,753 ಮಂದಿ. ಈ ಕಚೇರಿಗೆ ಬಂದ ಅವಶೇಷಗಳು ಸುಮಾರು 22,000. ಮನೆಯವರು ತಂದುಕೊಟ್ಟ ಬಾಚಣಿಗೆ, ಹಲ್ಲುಜ್ಜುವ ಬ್ರಷ್ಷುಗಳಲ್ಲಿನ ಡಿಎನ್‌ಎಯನ್ನು ಎಲುಬಿನ ಚೂರುಗಳೊಡನೆ ಹೋಲಿಸುವ ಕಾರ್ಯ ವರ್ಷಗಟ್ಟಲೆ ನಡೆಯಿತು. 2025ರಲ್ಲಿಯೂ ಸುಮಾರು 1,100 ಮಂದಿಯ ಗುರುತು ಹತ್ತಿರಲಿಲ್ಲ. ಒಬ್ಬರ ಗುರುತು ಹತ್ತಿದರೆ ಅದನ್ನು ಗೆಲುವೆನ್ನಬೇಕೇ? ಆ ಸುದ್ದಿ ಮುಟ್ಟಿದ ಮನೆಯಲ್ಲಿ ಆರಿದ ಗಾಯ ಮತ್ತೆ ಹಸಿಯಾಗುತ್ತದೆ.

ವೈದ್ಯಶಾಸ್ತ್ರವೂ ಇವರ ವ್ಯಥೆಯನ್ನು ಗಮನಿಸಿದೆ. ಅಮೆರಿಕದ ಮನೋವೈದ್ಯರ ಸಂಘವು 2013ರಲ್ಲಿ ಪರಿಷ್ಕರಿಸಿದ ರೋಗನಿರ್ಣಯದ ಕೈಪಿಡಿಯಲ್ಲಿ, ಆಘಾತದಿಂದುಂಟಾಗುವ ಮನೋರೋಗವು ಸ್ವತಃ ಅಪಾಯಕ್ಕೆ ಸಿಲುಕಿದವರಿಗಷ್ಟೇ ಅಲ್ಲ, ಇಂತಹ ಭೀಕರತೆಯನ್ನು ವೃತ್ತಿಯಲ್ಲಿ ಮತ್ತೆ ಮತ್ತೆ ಎದುರಿಸುವವರಿಗೂ ತಗಲಬಹುದೆಂದಿದೆ. ಮಾನವ ಅವಶೇಷಗಳನ್ನು ಆಯುವವರನ್ನು ಅಲ್ಲಿ ಉದಾಹರಣೆಯಾಗಿಯೇ ಹೆಸರಿಸಿದ್ದಾರೆ.

ಬುಚರ್ ಅವರು ಕೆಲಸದಲ್ಲಿರುವವರೆಗೆ ಹೇಗೋ ನಿಂತಿದ್ದರು. ಕೆಲಸ ಬಿಟ್ಟ ಬಳಿಕ ತೀವ್ರ ಖಿನ್ನತೆ ಕವಿದು ಆಸ್ಪತ್ರೆ ಸೇರಬೇಕಾಯಿತು. 2023ರಲ್ಲಿ ಪ್ರಕಟವಾದ ತಮ್ಮ ನೆನಪುಗಳ ಪುಸ್ತಕದಲ್ಲಿ ಅವರು ಕೊಲೆಗಳ ಕಥೆಯ ಜೊತೆಗೆ ಆ ದಿನಗಳನ್ನೂ ಮರೆಮಾಚದೆ ಬರೆದಿದ್ದಾರೆ.