ಗಡಿಯಾರವಿಲ್ಲದ ಪ್ರಜ್ಞೆ

ಕಾಲದ ಗುರುತುಗಳೆಲ್ಲ ಅಳಿದರೆ ಪ್ರಜ್ಞೆಯ ಗತಿಯೇನು? ಫ್ರಾನ್ಸಿನ ಭೂವಿಜ್ಞಾನಿ ಮಿಶೆಲ್ ಸಿಫ್ರೆಯವರು ಈ ಪ್ರಶ್ನೆಗೆ ತಮ್ಮನ್ನೇ ಒಡ್ಡಿಕೊಂಡರು. 1962ರ ಜುಲೈ 16ರಂದು ಅವರು ಗಡಿಯಾರವಿಲ್ಲದೆ ಆಲ್ಪ್ಸ್ ಪರ್ವತದ ಸ್ಕರಾಸನ್ ಗುಹೆಗೆ ಇಳಿದರು. ಎದ್ದಾಗ, ಉಂಡಾಗ, ಮಲಗುವಾಗ ಮೇಲಿನ ಸಂಗಡಿಗರಿಗೆ ದೂರವಾಣಿಯಲ್ಲಿ ತಿಳಿಸುತ್ತಿದ್ದರು. ಸಂಗಡಿಗರು ಮರಳಿ ವೇಳೆಯನ್ನು ಹೇಳಕೂಡದೆಂಬುದು ನಿಯಮ. ಸೆಕೆಂಡಿಗೊಂದರಂತೆ 120ರವರೆಗೆ ಎಣಿಸಲು ಹೊರಟ ಅವರಿಗೆ ಐದು ನಿಮಿಷ ಹಿಡಿಯಿತು. ಸೆಪ್ಟೆಂಬರ್ 14ರಂದು ಪ್ರಯೋಗ ಮುಗಿದಾಗ ಅವರ ಲೆಕ್ಕದಲ್ಲಿ ಅಂದು ಆಗಸ್ಟ್ 20!

ಆದರೆ ದೇಹವು ಹಾಗೆ ದಾರಿತಪ್ಪಿರಲಿಲ್ಲ. ನಿದ್ರೆ-ಎಚ್ಚರಗಳ ಆವರ್ತನವು ಸುಮಾರು ಇಪ್ಪತ್ತನಾಲ್ಕೂವರೆ ಗಂಟೆಗಳಲ್ಲಿಯೇ ನಡೆದಿತ್ತು. ಎಂದರೆ ದೇಹದ ಕಾಲಗಣನೆ ಬೇರೆ, ಮನಸ್ಸಿನ ಕಾಲಗಣನೆ ಬೇರೆ. ಮೊದಲನೆಯದು ತಾನಾಗಿ ಸಾಗುತ್ತದೆ. ಎರಡನೆಯದಕ್ಕೆ ನೆನಪಿನ ಆಸರೆ ಬೇಕು. ಒಂದು ದಿನವನ್ನು ಮತ್ತೊಂದರಿಂದ ಬೇರ್ಪಡಿಸುವ ಘಟನೆಗಳಿಲ್ಲದ ಕತ್ತಲೆಯಲ್ಲಿ ಇಪ್ಪತ್ತೈದು ದಿನಗಳು ಲೆಕ್ಕಕ್ಕೆ ಸಿಕ್ಕದೆ ಕಳೆದುಹೋದುದು ಹೀಗೆ.