ಯಾರಿಗೂ ಬೇಡವಾದವರ ತಂಡ

ಪೋರ್ಟ್‌ಲ್ಯಾಂಡ್ ಮೇವರಿಕ್ಸ್ ಅಮೆರಿಕದ ಆರೆಗಾನ್ ರಾಜ್ಯದ ಪೋರ್ಟ್‌ಲ್ಯಾಂಡ್ ನಗರದಲ್ಲಿ 1973ರಿಂದ 1977ರವರೆಗೆ, ಬರೀ ಐದು ಬೇಸಿಗೆ ಆಡಿ ಮುಚ್ಚಿಹೋದ ಬೇಸ್‌ಬಾಲ್ ತಂಡ. ಸೋತು ಸಾಲವಾಗಿ ಮುಚ್ಚಿದ ತಂಡಗಳಿಗೆ ಅಲ್ಲಿ ಲೆಕ್ಕವಿಲ್ಲ. ಇದು ಮಾತ್ರ ಗೆಲ್ಲುತ್ತಾ, ಜನರನ್ನು ಸೆಳೆಯುತ್ತಾ ಇದ್ದಾಗಲೇ ಜಾಗ ಖಾಲಿ ಮಾಡಬೇಕಾಯಿತು.

ಅಮೆರಿಕದ ವೃತ್ತಿಪರ ಬೇಸ್‌ಬಾಲ್ ಒಂದು ಏಣಿಯಿದ್ದಂತೆ. ತುದಿಯಲ್ಲಿ ಮೇಜರ್ ಲೀಗ್. ಅದರ ಕೆಳಗೆ ಟ್ರಿಪಲ್ ಎ, ಡಬಲ್ ಎ, ಎ ಎಂಬ ಮೈನರ್ ಲೀಗ್ ಮೆಟ್ಟಿಲುಗಳು. ಮೈನರ್ ತಂಡಕ್ಕೆ ಊರಿನ ಹೆಸರಿದ್ದರೂ ಆಟಗಾರರು ಸಾಮಾನ್ಯವಾಗಿ ಯಾವುದೋ ಮೇಜರ್ ತಂಡದ ಒಪ್ಪಂದಕ್ಕೆ ಸೇರಿದವರು. ಊರಿನವರು ಮೆಚ್ಚಿದ ಹುಡುಗನನ್ನು ಟೂರ್ನಿಯ ನಡುವೆಯೇ ಮೇಲಕ್ಕೆ ಕರೆಸಿಕೊಂಡರೂ ಕೇಳುವವರಿಲ್ಲ. ಪೋರ್ಟ್‌ಲ್ಯಾಂಡ್‌ನಲ್ಲಿ ಬಹುಕಾಲ ಇದ್ದ ಬೀವರ್ಸ್ ಟ್ರಿಪಲ್ ಎ ಮಟ್ಟದ್ದು. ನೋಡುವವರು ಕಡಿಮೆಯಾಗಿ ಅದು 1972ರ ಆಟ ಮುಗಿದ ಮೇಲೆ ಸ್ಪೊಕೇನ್ ನಗರಕ್ಕೆ ಹೊರಟುಹೋಯಿತು.

ಖಾಲಿಯಾದ ಸಿವಿಕ್ ಸ್ಟೇಡಿಯಂಗೆ ಬಂದವರು ಬಿಂಗ್ ರಸೆಲ್. ‘ಬೊನಾನ್ಜಾ’ ಟಿವಿ ಧಾರಾವಾಹಿಯಲ್ಲಿ ಡೆಪ್ಯುಟಿ ಶೆರಿಫ್ ಪಾತ್ರ ಮಾಡಿ ಜನರಿಗೆ ಮುಖಪರಿಚಯವಿದ್ದ ನಟ. ಫ್ಲಾರಿಡಾದಲ್ಲಿ ಕಳೆದ ಬಾಲ್ಯದಲ್ಲಿ ನ್ಯೂಯಾರ್ಕ್ ಯಾಂಕೀಸ್ ತಂಡದ ಅಭ್ಯಾಸವನ್ನು ಹತ್ತಿರದಿಂದ ಕಂಡಿದ್ದ ಅವರಿಗೆ ಈ ಆಟದ ಹುಚ್ಚು ಬಿಟ್ಟಿರಲಿಲ್ಲ. ಅವರು ಕಟ್ಟಿದ ತಂಡ ನಾರ್ತ್‌ವೆಸ್ಟ್ ಲೀಗ್ ಎಂಬ ಕೆಳಮೆಟ್ಟಿಲಿನದು. ಆದರೆ ಯಾವ ಮೇಜರ್ ತಂಡದ ಹಂಗೂ ಅದಕ್ಕಿರಲಿಲ್ಲ. ಹಂಗಿಲ್ಲವೆಂದರೆ ಸಂಬಳ ಕೊಡುವವರೂ, ಆಟಗಾರರನ್ನು ಕಳಿಸುವವರೂ ಇಲ್ಲ. ಹಾಗಾಗಿ ರಸೆಲ್ ಯಾರು ಬೇಕಾದರೂ ಬರಬಹುದಾದ ಆಯ್ಕೆ ಶಿಬಿರ ಕರೆದರು. ಬೇರೆ ತಂಡಗಳು ಕೈಬಿಟ್ಟವರು, ವಯಸ್ಸು ಮೀರಿದವರು, ತಲೆಹರಟೆಯೆಂದು ಹೆಸರಾದವರು ಬಂದರು. ಮುಂದೆ ಹಾಲಿವುಡ್‌ನಲ್ಲಿ ದೊಡ್ಡ ಹೆಸರು ಮಾಡಿದ ಮಗ ಕರ್ಟ್ ರಸೆಲ್ ಕೂಡ ಮೊದಲ ವರ್ಷ ಇಲ್ಲಿ ಆಡಿದವರೇ.

ತಂಡದ ವರಸೆಯೇ ಬೇರೆ. ಬ್ಯಾಟುಗಾರನ ಹಿಂದೆ ಕೂತು ಚೆಂಡು ಹಿಡಿಯುವ ಕ್ಯಾಚರ್ ಎಂದರೆ ಬಲಗೈಯವನೇ ಎಂಬುದು ಬೇಸ್‌ಬಾಲ್‌ನಲ್ಲಿ ಹೆಚ್ಚುಕಡಿಮೆ ಶಾಸ್ತ್ರ. ಇಲ್ಲಿ ಆ ಕೆಲಸಕ್ಕೆ ಎಡಗೈಯವನಿದ್ದ. ಸರಣಿಯ ಎಲ್ಲ ಪಂದ್ಯ ಗೆಲ್ಲುವುದನ್ನು ಬೇಸ್‌ಬಾಲ್ ಮಾತಿನಲ್ಲಿ ‘ಸ್ವೀಪ್’, ಅಂದರೆ ಗುಡಿಸುವುದು ಎನ್ನುತ್ತಾರೆ. ಅಂಥ ಗೆಲುವು ಕೈಗೆಟುಕಿತು ಎನ್ನುವಾಗ ಮೇವರಿಕ್ಸ್ ಆಟಗಾರನೊಬ್ಬ ನಿಜವಾದ ಕಸಪೊರಕೆ ಹಿಡಿದು ಬೀಸುತ್ತಿದ್ದ. ಅದಕ್ಕೆ ಬೆಂಕಿ ಹಚ್ಚಿದ್ದೂ ಉಂಟು. ಎದುರಾಳಿಗಳಿಗೆ ಇದು ಅಧಿಕಪ್ರಸಂಗವೆನಿಸಿದ್ದರೆ ತಪ್ಪಿಲ್ಲ. ಪೋರ್ಟ್‌ಲ್ಯಾಂಡ್ ಜನಕ್ಕೆ ಮಾತ್ರ ಹಬ್ಬ.

ತಂಡಕ್ಕೆ ಬಂದ ಅತಿ ಪ್ರಸಿದ್ಧ ಆಟಗಾರ ಜಿಮ್ ಬೌಟನ್. ಯಾಂಕೀಸ್‌ನ ಈ ಮಾಜಿ ಪಿಚರ್ (ಚೆಂಡೆಸೆಯುವವರು) 1970ರಲ್ಲಿ ‘ಬಾಲ್ ಫೋರ್’ ಪುಸ್ತಕ ಬರೆದು ಡ್ರೆಸಿಂಗ್ ರೂಮಿನ ಗುಟ್ಟುಗಳನ್ನೆಲ್ಲ ಬೀದಿಗೆ ತಂದಿದ್ದರಿಂದ ಮೇಜರ್ ಲೀಗ್‌ನ ದೊಡ್ಡವರು ಅವರ ಮೇಲೆ ಹಲ್ಲು ಮಸೆಯುತ್ತಿದ್ದರು. 1975ರಲ್ಲಿ ಮತ್ತು ಪುನಃ 1977ರಲ್ಲಿ ಅವರು ಮೇವರಿಕ್ಸ್ ಪರ ಚೆಂಡೆಸೆದರು. ಆಡಳಿತದಲ್ಲೂ ರಸೆಲ್ ರೂಢಿ ಮುರಿದರು: ಲ್ಯಾನಿ ಮಾಸ್ ಎಂಬ ಮಹಿಳೆಯನ್ನು ಜನರಲ್ ಮ್ಯಾನೇಜರ್ ಮಾಡಿದರು. ಆ ಕಾಲದ ಬೇಸ್‌ಬಾಲ್‌ನಲ್ಲಿ ಇದು ಕಂಡುಕೇಳದ ಸಂಗತಿ.

1977ರಲ್ಲಿ ಮೇವರಿಕ್ಸ್ 44 ಪಂದ್ಯ ಗೆದ್ದು 22 ಸೋತಿತು. ತವರಿನ 33 ಪಂದ್ಯಗಳಿಗೆ ಸೇರಿದ ಜನ 1,25,300. ಆ ಮಟ್ಟದ ಲೀಗ್‌ಗೆ ಆಗ ಅದು ದಾಖಲೆ. ಫೈನಲ್‌ನಲ್ಲಿ ಮಾತ್ರ ಬೆಲ್ಲಿಂಗ್‌ಹ್ಯಾಮ್ ಮ್ಯಾರಿನರ್ಸ್ ಎದುರು ಸೋಲು. ಐದು ವರ್ಷದಲ್ಲಿ ಒಮ್ಮೆಯೂ ಪ್ರಶಸ್ತಿ ಒಲಿಯಲಿಲ್ಲ.

ಅಷ್ಟರಲ್ಲಿ, ಬಿಟ್ಟುಹೋದ ಊರಿನ ಮೇಲೆ, ಹಿಂದೆ ಬೀವರ್ಸ್ ಆಡುತ್ತಿದ್ದ ಟ್ರಿಪಲ್ ಎ ಮಟ್ಟದ ಪೆಸಿಫಿಕ್ ಕೋಸ್ಟ್ ಲೀಗ್‌ನ ಕಣ್ಣು ಮತ್ತೆ ಬಿತ್ತು. ಮೇಲಿನ ಲೀಗ್ ಪರಿಹಾರ ಕೊಟ್ಟರೆ ಕೆಳಗಿನ ತಂಡ ಊರು ಬಿಟ್ಟುಕೊಡಬೇಕು ಎಂಬುದು ಆಗಿನ ನಿಯಮ. ಲೀಗ್ ಮುಂದಿಟ್ಟದ್ದು 26,000 ಡಾಲರ್. ರಸೆಲ್ ಕೇಳಿದ್ದು 2,06,000. ವ್ಯಾಜ್ಯ ಪಂಚಾಯಿತಿಗೆ ಹೋಯಿತು. ರಸೆಲ್ ಕೇಳಿದಷ್ಟನ್ನೂ ಕೊಡಬೇಕೆಂದು ತೀರ್ಪಾಯಿತು. ಹಣ ಬಂತು, ತಂಡ ಉಳಿಯಲಿಲ್ಲ. 1978ರಲ್ಲಿ ಬೀವರ್ಸ್ ಹೆಸರು ಪೋರ್ಟ್‌ಲ್ಯಾಂಡ್‌ಗೆ ಮರಳಿತು.

ಅದೇ ವರ್ಷ ಬೌಟನ್ 39ನೇ ವಯಸ್ಸಿನಲ್ಲಿ ಅಟ್ಲಾಂಟಾ ಬ್ರೇವ್ಸ್ ಮೂಲಕ ಮೇಜರ್ ಲೀಗ್‌ಗೆ ಹಿಂತಿರುಗಿದರು. ಮೇವರಿಕ್ಸ್‌ನಲ್ಲಿ ಬ್ಯಾಟ್ ಎತ್ತಿಕೊಡುತ್ತಿದ್ದ ಹುಡುಗ ಟಾಡ್ ಫೀಲ್ಡ್ ಮುಂದೆ ‘ಟಾರ್’ ಚಿತ್ರದ ನಿರ್ದೇಶಕರಾದರು. ರಸೆಲ್ ಅವರ ಮೊಮ್ಮಕ್ಕಳಾದ ಚಾಪ್‌ಮನ್ ಮತ್ತು ಮ್ಯಾಕ್ಲೇನ್ ವೇ 2014ರಲ್ಲಿ ತಂಡದ ಬಗ್ಗೆ ಸಾಕ್ಷ್ಯಚಿತ್ರ ಮಾಡಿದರು. ಇನ್ನೊಂದು ನೆನಪು ಅಂಗಡಿಗಳಲ್ಲಿದೆ. ಆಗ ಬೇಸ್‌ಬಾಲ್ ಆಟಗಾರರು ಹೊಗೆಸೊಪ್ಪು ಜಗಿದು ಉಗುಳುವುದು ಮಾಮೂಲಿ. ಅದರ ಬದಲು ಸೊಪ್ಪಿನಂತೆಯೇ ಎಳೆಎಳೆಯಾಗಿ ಹೆಚ್ಚಿದ ಬಬಲ್ ಗಮ್ಮನ್ನು ಚೀಲದಲ್ಲಿ ತುಂಬಿ ಮಾರಿದರೆ ಹೇಗೆ ಎಂಬ ಯೋಚನೆ ಮೇವರಿಕ್ಸ್ ಪಿಚರ್ ರಾಬ್ ನೆಲ್ಸನ್‌ಗೆ ಹೊಳೆಯಿತು. ಬೌಟನ್ ಬಂಡವಾಳಕ್ಕೆ ಕೈಜೋಡಿಸಿದರು. ‘ಬಿಗ್ ಲೀಗ್ ಚ್ಯೂ’ ಎಂಬ ಹೆಸರಿನಲ್ಲಿ 1980ರಲ್ಲಿ ಮಾರುಕಟ್ಟೆಗೆ ಬಂದ ಆ ಗಮ್ಮನ್ನು ಅಮೆರಿಕದ ಮಕ್ಕಳು ಇಂದಿಗೂ ಜಗಿಯುತ್ತಾರೆ.