ಡಬ್ಬಿಯ ಮಾಂಸವೂ ನವಿಲುಕೋಸಿನ ಔಫ್ಲೌಫೂ

ಜಯನಗರದ ನಾಲ್ಕನೆಯ ಬ್ಲಾಕಿನಲ್ಲಿ ನವಿಲುಕೋಸನ್ನು ಆರಿಸಿ ಕೊಳ್ಳುವ ಗೃಹಿಣಿಗೆ ಅದರಿಂದ ಏನು ಮಾಡಬೇಕೆಂದು ಯಾರೂ ಹೇಳಿಕೊಡಬೇಕಾಗಿಲ್ಲ. ಹುಳಿ, ಸಾಗು, ಕಡಲೆಬೇಳೆ ಹಾಕಿದ ಪಲ್ಯ ಇವೆಲ್ಲ ಅವಳ ಕೈಗೆ ಕಣ್ಣು ಮುಚ್ಚಿದರೂ ಬರುವಂಥವು. ಇದೇ ತರಕಾರಿಗೆ ಜರ್ಮನಿಯ ಸಂತೆಯಲ್ಲಿ ‘ಕೋಲ್‌ರಾಬಿ’ ಎಂದು ಹೆಸರು. ಇಂಗ್ಲಿಷರೂ ಆ ಹೆಸರನ್ನೇ ಎರವು ಪಡೆದು ತಮ್ಮದಾಗಿಸಿಕೊಂಡಿದ್ದಾರೆ. ಅಲ್ಲಿಯ ಗೃಹಿಣಿ ಅದನ್ನು ಬಿಲ್ಲೆಬಿಲ್ಲೆಯಾಗಿ ಕೊಯ್ದು, ಆಲೂಗಡ್ಡೆ ಮತ್ತು ಮಾಂಸದೊಡನೆ ಪದರ ಪದರವಾಗಿ ಜೋಡಿಸಿ, ಮೇಲೆ ಬಿಳಿ ಸಾಸು ಹೊಯ್ದು ಓವನ್ನಿನಲ್ಲಿ ಬೇಯಿಸುತ್ತಾಳೆ. ಹೀಗೆ ಬೇಯಿಸಿದ ಭಕ್ಷ್ಯಕ್ಕೆ ಅವರು ‘ಔಫ್ಲೌಫ್’ ಎನ್ನುತ್ತಾರೆ. ಶಾಖಕ್ಕೆ ಮೇಲೇಳುವುದು ಎಂಬ ಅರ್ಥ ಆ ಮಾತಿನಲ್ಲಿದೆ. ಇಂಗ್ಲಿಷಿನಲ್ಲಿ ಕ್ಯಾಸರೋಲ್ ಎಂದು ಕರೆಯುವುದು ಹೆಚ್ಚು ಕಡಿಮೆ ಇದನ್ನೇ.

ಬೆಂಗಳೂರಿನ ದಕ್ಷಿಣ ಭಾಗಕ್ಕೆ ಜರ್ಮನರು ಹೊಸಬರೇನೂ ಅಲ್ಲ. ಡ್ರೆಸ್ಡೆನ್ ಬಳಿ ಹುಟ್ಟಿದ ಜಿ. ಎಚ್. ಕ್ರುಂಬಿಗಲ್ 1908ರಿಂದ 1932ರವರೆಗೆ ಲಾಲ್‌ಬಾಗಿನ ಆಡಳಿತವನ್ನು ನೋಡಿಕೊಂಡರು. ಜರ್ಮನಿಯ ಬಾಷ್ ಸಂಸ್ಥೆಯ ಸಹಯೋಗದಿಂದ 1951ರಲ್ಲಿ ಹುಟ್ಟಿದ ಮೈಕೋ ಕಂಪನಿ ಆಡುಗೋಡಿಯಲ್ಲಿ ಕಾರ್ಖಾನೆ ಕಟ್ಟಿತು. ಬಿ.ಟಿ.ಎಂ. ಬಡಾವಣೆಯ ಪಕ್ಕದ ಮೈಕೋ ಲೇಔಟ್ ಇಂದಿಗೂ ಆ ಹೆಸರನ್ನು ಹೊತ್ತುಕೊಂಡಿದೆ. ಕಂಪನಿಯೇ 2008ರಲ್ಲಿ ಬಾಷ್ ಎಂದು ಹೆಸರು ಬದಲಿಸಿಕೊಂಡರೂ ಬಡಾವಣೆ ಬದಲಿಸಿಕೊಳ್ಳಲಿಲ್ಲ. ಆದರೆ ಹೂವೂ ಯಂತ್ರವೂ ಬಂದಷ್ಟು ಸುಲಭವಾಗಿ ಅವರ ಅಡಿಗೆ ಇಲ್ಲಿಯ ಮನೆಗಳನ್ನು ಹೊಕ್ಕಿಲ್ಲ. ಒಂದು, ಓವನ್ ಎಲ್ಲ ಮನೆಗಳಲ್ಲೂ ಇಲ್ಲ. ಇನ್ನೊಂದು, ತಗಡಿನ ಡಬ್ಬಿಯ ಮಾಂಸದ ಬಗೆಗೆ ಇರುವ ಅಳುಕು. ಮೊದಲನೆಯದಕ್ಕೆ ಉಪಾಯವುಂಟು. ಎರಡನೆಯದು ಅಕಾರಣವಾದ ಅಳುಕಲ್ಲವಾದ್ದರಿಂದ ಅದನ್ನು ಸ್ವಲ್ಪ ವಿಸ್ತಾರವಾಗಿಯೇ ನೋಡಬೇಕು.

ಡಬ್ಬಿಯ ಆಹಾರ ಸುಖದ ದಿನಗಳ ಸಂತಾನವಲ್ಲ. 1948ರ ಆಗಸ್ಟಿನಲ್ಲಿ ರಾಜಾಜಿಯವರು ಜಯನಗರಕ್ಕೆ ಅಸ್ತಿಭಾರ ಹಾಕಿದರು. ಅದೇ ತಿಂಗಳಲ್ಲಿ ಬರ್ಲಿನ್ ನಗರದ ಪಶ್ಚಿಮ ಭಾಗಕ್ಕೆ ರಸ್ತೆ, ರೈಲು, ಕಾಲುವೆಗಳೆಲ್ಲ ಮುಚ್ಚಿಹೋಗಿ, ಇಪ್ಪತ್ತು ಲಕ್ಷ ಜನರಿಗೆ ಬೇಕಾದ ಅನ್ನವೂ ಕಲ್ಲಿದ್ದಲೂ ವಿಮಾನದಲ್ಲಿ ಬರುತ್ತಿದ್ದವು. ತೂಕ ಉಳಿಸಲೆಂದು ಆಲೂಗಡ್ಡೆಯನ್ನು ಕೂಡ ಒಣಗಿಸಿ ತರಲಾಗುತ್ತಿತ್ತು. ಮಾಂಸ ಡಬ್ಬಿಗಳಲ್ಲಿ ಇಳಿಯುತ್ತಿತ್ತು. ಒಂದು ಡಬ್ಬಿಯನ್ನು ನಾಲ್ಕು ತಟ್ಟೆಗಳಿಗೆ ಹಿಗ್ಗಿಸಬೇಕಾದ ತಾಯಿಗೆ ಆಲೂಗಡ್ಡೆಯ ಪದರವೂ ಹಿಟ್ಟಿನ ಸಾಸೂ ಎಂಥ ಆಸರೆಯಾಗಿರಬೇಕು! ಯುದ್ಧಕಾಲದ ಅಕ್ಕಿಯ ಅಭಾವದಲ್ಲಿ ಲಾಲ್‌ಬಾಗ್ ರಸ್ತೆಯ ಎಂ.ಟಿ.ಆರ್. ಅಡಿಗೆಮನೆಯಲ್ಲಿ ರವೆ ಇಡ್ಲಿ ಹುಟ್ಟಿತೆಂದು ಆ ಸಂಸ್ಥೆಯವರೇ ಹೇಳುವುದುಂಟು. ಕೊರತೆ ಕಲಿಸಿದ ತಿಂಡಿಯನ್ನು ಸಮೃದ್ಧಿ ಬಂದ ಮೇಲೂ ಬಿಡದಿರುವುದರಲ್ಲಿ ಬರ್ಲಿನ್ನಿಗೂ ಬೆಂಗಳೂರಿಗೂ ಭೇದವಿಲ್ಲ.

ಆಹಾರವನ್ನು ಗಾಳಿಯಾಡದಂತೆ ಮುಚ್ಚಿ ಕುದಿಸಿಟ್ಟರೆ ಕೆಡುವುದಿಲ್ಲವೆಂದು ತೋರಿಸಿದವನು ನಿಕೊಲಾ ಅಪ್ಪೆರ್ ಎಂಬ ಫ್ರೆಂಚ್ ಮಿಠಾಯಿಗಾರ. ವಿಧಾನವನ್ನು ಪುಸ್ತಕವಾಗಿ ಪ್ರಕಟಿಸಬೇಕೆಂಬ ಕರಾರಿನ ಮೇಲೆ ಅವನಿಗೆ 1810ರಲ್ಲಿ ಸರ್ಕಾರದಿಂದ 12,000 ಫ್ರಾಂಕುಗಳ ಬಹುಮಾನ ಬಂತು. ಅವನು ಬಳಸಿದ್ದು ಗಾಜಿನ ಸೀಸೆ. ಅದೇ ವರ್ಷ ಲಂಡನ್ನಿನಲ್ಲಿ ಪೀಟರ್ ಡ್ಯೂರಾಂಡ್ ತಗಡಿನ ಡಬ್ಬಿಗೂ ಅನ್ವಯಿಸುವಂತೆ ಪೇಟೆಂಟ್ ಪಡೆದ. ಜರ್ಮನ್ ಗೃಹಿಣಿಯರು ಇಂದಿಗೂ ಗಾಜಿಗೇ ನಿಷ್ಠರು. 1900ರಲ್ಲಿ ಆರಂಭವಾದ ವೆಕ್ ಎಂಬ ಕಂಪನಿಯ ಜಾಡಿಗಳು ಅಲ್ಲಿ ಎಷ್ಟು ಮನೆಮಾತಾದುವೆಂದರೆ, ಆಹಾರವನ್ನು ಜಾಡಿಯಲ್ಲಿ ಕೂಡಿಡುವ ಕೆಲಸಕ್ಕೆ ಆ ಹೆಸರಿನಿಂದಲೇ ಒಂದು ಕ್ರಿಯಾಪದ ಹುಟ್ಟಿ ನಿಘಂಟನ್ನು ಸೇರಿತು.

ಗಾಳಿಯಿಲ್ಲದ ಜಾಗದಲ್ಲಿ ಒಂದು ಶತ್ರುವೂ ಬೆಳೆಯುತ್ತದೆಂದು ಮೊದಲು ಎಚ್ಚರಿಸಿದವನೂ ಜರ್ಮನನೇ. 1793ರಲ್ಲಿ ವಿಲ್ಡ್‌ಬಾಡ್ ಎಂಬ ಊರಿನಲ್ಲಿ ಕೆಟ್ಟ ಸಾಸೇಜು ತಿಂದು 13 ಮಂದಿ ಕಾಯಿಲೆ ಬಿದ್ದು, 6 ಮಂದಿ ತೀರಿಕೊಂಡರು. ಕವಿಯೂ ವೈದ್ಯನೂ ಆಗಿದ್ದ ಯುಸ್ಟಿನುಸ್ ಕೆರ್ನರ್ ಇಂಥ ಪ್ರಕರಣಗಳನ್ನು ಕಲೆಹಾಕಿ, 1820 ಮತ್ತು 1822ರಲ್ಲಿ ‘ಸಾಸೇಜಿನ ವಿಷ’ದ ಮೇಲೆ ಗ್ರಂಥಗಳನ್ನು ಬರೆದ, ವಿಷದ ಕೆಲವು ಹನಿಗಳನ್ನು ತಾನೇ ನೆಕ್ಕಿ ನೋಡಿದ. ಗಾಳಿಯಿಲ್ಲದೆಡೆಯಲ್ಲಿ ಅದು ಹುಟ್ಟುತ್ತದೆ, ನರಗಳ ಆಜ್ಞೆ ಸ್ನಾಯುಗಳನ್ನು ಮುಟ್ಟದಂತೆ ತಡೆಯುತ್ತದೆ ಎಂಬ ಅವನ ತೀರ್ಮಾನ ಮುಂದೆ ನಿಜವೆಂದು ಸಿದ್ಧವಾಯಿತು. 1895ರಲ್ಲಿ ಬೆಲ್ಜಿಯಮ್ಮಿನ ಹಳ್ಳಿಯೊಂದರಲ್ಲಿ ಉತ್ತರಕ್ರಿಯೆಗೆ ಬಂದ ವಾದ್ಯಗಾರರು ಉಪ್ಪು ಹಾಕಿಟ್ಟ ಹಂದಿಮಾಂಸ ತಿಂದು ಮೂವರು ಸತ್ತಾಗ, ಎಮಿಲ್ ವಾನ್ ಎರ್ಮೆಂಗೆಮ್ ಆ ಮಾಂಸದಲ್ಲಿಯೇ ಸೂಕ್ಷ್ಮಜೀವಿಯನ್ನು ಪತ್ತೆಮಾಡಿದ. ಸಾಸೇಜಿನ ಲ್ಯಾಟಿನ್ ಹೆಸರಿನಿಂದಲೇ ಈ ರೋಗಕ್ಕೆ ಬಾಟ್ಯುಲಿಸಮ್ ಎಂಬ ಹೆಸರು ಬಂದಿದೆ.

ಈ ಜೀವಿಯ ಬೀಜಾಣುಗಳು ಕುದಿಯುವ ನೀರಿಗೆ ಸೊಪ್ಪು ಹಾಕುವುದಿಲ್ಲ. ಅವು ಸಾಯಬೇಕಾದರೆ ಡಬ್ಬಿಯ ನಡುಭಾಗಕ್ಕೆ 121 ಡಿಗ್ರಿ ಸೆಂಟಿಗ್ರೇಡ್ ಶಾಖ ಸುಮಾರು 3 ನಿಮಿಷವಾದರೂ ಮುಟ್ಟಬೇಕು. ಕಾರ್ಖಾನೆಯಲ್ಲಿ ಉಗಿಯ ಒತ್ತಡದಿಂದ ಇದನ್ನು ಅಳೆದು ಮಾಡುತ್ತಾರೆ. ಸಮುದ್ರಮಟ್ಟದಿಂದ 900 ಮೀಟರಿಗೂ ಎತ್ತರದಲ್ಲಿರುವ ಬೆಂಗಳೂರಿನಲ್ಲಿ ನೀರು ಸುಮಾರು 97 ಡಿಗ್ರಿಗೇ ಕುದಿದುಬಿಡುತ್ತದೆ. ಆದ್ದರಿಂದ ಉಪ್ಪಿನಕಾಯಿ ಹಾಕುವ ಕೈ ನುರಿತಿದೆಯೆಂಬ ಧೈರ್ಯದ ಮೇಲೆ ಯಾರೂ ಮಾಂಸವನ್ನು ಮನೆಯಲ್ಲಿಯೇ ಕುದಿಸಿ ಜಾಡಿಯಲ್ಲಿ ಮುಚ್ಚಿಡಲು ಹೊರಡಬಾರದು. ಉಪ್ಪಿನಕಾಯಿಯನ್ನು ಹುಳಿಯೂ ಉಪ್ಪೂ ಕಾಯುತ್ತವೆ, ಮಾಂಸವನ್ನು ಕಾಯುವವರಿಲ್ಲ.

ಕೊಳ್ಳುವಾಗ ಡಬ್ಬಿಯ ಎರಡು ತುದಿಗಳನ್ನೂ ಹೆಬ್ಬೆರಳಿನಿಂದ ಒತ್ತಿ ನೋಡಬೇಕು. ಉಬ್ಬಿದ್ದರೆ, ಒಸರಿದ್ದರೆ, ಅಂಚಿನ ಬೆಸುಗೆಯ ಮೇಲೆ ನೆಗ್ಗಿದ್ದರೆ, ತುಕ್ಕು ಆಳಕ್ಕಿಳಿದಿದ್ದರೆ ಅಂಗಡಿಯವನು ಅರ್ಧ ಬೆಲೆಗೆ ಕೊಟ್ಟರೂ ಬೇಡ. ಕೊರೆಯುವಾಗ ದ್ರವ ಚಿಮ್ಮಿದರೂ ಅದನ್ನು ಎಸೆಯತಕ್ಕದ್ದು. ಈ ವಿಷಕ್ಕೆ ಎಷ್ಟೋ ವೇಳೆ ವಾಸನೆಯೂ ರುಚಿಯೂ ಇರುವುದಿಲ್ಲವಾದ್ದರಿಂದ ‘ಸ್ವಲ್ಪ ನಾಲಿಗೆಯ ಮೇಲಿಟ್ಟು ನೋಡೋಣ’ ಎಂಬ ಉಳಿತಾಯ ಪ್ರಾಣಕ್ಕೇ ಮುಳುವಾದೀತು. ಪರದೇಶದ ಡಬ್ಬಿಯಾದರೆ ಆಮದುದಾರನ ಹೆಸರೂ ಆಹಾರ ಸುರಕ್ಷತಾ ಪ್ರಾಧಿಕಾರದ ಪರವಾನಗಿ ಸಂಖ್ಯೆಯೂ ಚೀಟಿಯಲ್ಲಿರಬೇಕು. ಜರ್ಮನಿಯಲ್ಲಿ ಸಾಮಾನ್ಯವಾದ ಗೋಮಾಂಸದ ಡಬ್ಬಿಯನ್ನು ಭಾರತಕ್ಕೆ ಆಮದು ಮಾಡಿಕೊಳ್ಳಲು ನಿಷೇಧವಿದೆ. ಕೋಳಿಯದು ಈ ಅಡಿಗೆಗೆ ಸೌಮ್ಯವಾಗಿ ಹೊಂದುತ್ತದೆ. ಹಂದಿಯದರಲ್ಲಿ ಉಪ್ಪೂ ಕೊಬ್ಬೂ ಹೆಚ್ಚು.

ನಾಲ್ವರಿಗೆ ಸುಮಾರು 300 ಗ್ರಾಂ ಮಾಂಸ ಸಾಕು. ಇದು ದ್ರವ ಬಸಿದ ಮೇಲಿನ ತೂಕ. ಚೀಟಿಯ ಮೇಲೆ ದೊಡ್ಡಕ್ಷರದಲ್ಲಿರುವ ತೂಕ ಬೇರೆ. 4 ಎಳೆಯ ನವಿಲುಕೋಸು, 400 ಗ್ರಾಂ ಆಲೂಗಡ್ಡೆ, 2 ಈರುಳ್ಳಿ, ಬೆಣ್ಣೆ ಮತ್ತು ಮೈದಾ ತಲಾ 40 ಗ್ರಾಂ, 400 ಮಿಲಿಲೀಟರು ಹಾಲು, 75 ಗ್ರಾಂ ಚೀಸು, ಕಾಳುಮೆಣಸು, ಜಾಯಿಕಾಯಿ ಬೇಕು. ಬೇಕರಿಯಿಂದ ತಂದು ಒಂದು ದಿನವಾದ ಬ್ರೆಡ್ಡಿನ ಎರಡು ಹೋಳುಗಳನ್ನು ಪುಡಿಮಾಡಿಟ್ಟುಕೊಳ್ಳಬೇಕು.

ನವಿಲುಕೋಸಿನ ಸಿಪ್ಪೆಯನ್ನು ನಾರು ಉಳಿಯದಂತೆ ದಪ್ಪವಾಗಿ ಹೆರೆದು, ಅದನ್ನೂ ಆಲೂಗಡ್ಡೆಯನ್ನೂ ತೆಳ್ಳಗಿನ ಬಿಲ್ಲೆಗಳಾಗಿ ಹೆಚ್ಚಿ, ಉಪ್ಪು ಹಾಕದ ನೀರಿನಲ್ಲಿ 8 ರಿಂದ 10 ನಿಮಿಷ ಬೇಯಿಸಬೇಕು. ಮುಕ್ಕಾಲು ಬೆಂದರೆ ಸಾಕು. ಆ ನೀರನ್ನು ಚೆಲ್ಲದೆ ಅರ್ಧ ಬಟ್ಟಲು ತೆಗೆದಿಡಬೇಕು. ಇನ್ನೊಂದು ಪಾತ್ರೆಯಲ್ಲಿ ಬೆಣ್ಣೆ ಕರಗಿಸಿ ಮೈದಾವನ್ನು ಬಣ್ಣ ತಿರುಗದಂತೆ ಹುರಿಯಬೇಕು. ಇದಕ್ಕೆ ಜರ್ಮನ್ ಭಾಷೆಯಲ್ಲಿ ‘ಹಿಟ್ಟಿನ ಬೆವರು’ ಎಂಬರ್ಥದ ಹೆಸರಿದೆ. ಕಲಕುವವಳ ಬೆವರನ್ನು ಆ ಭಾಷೆ ಲೆಕ್ಕಕ್ಕೆ ಹಿಡಿದಂತಿಲ್ಲ. ಹಾಲನ್ನೂ ತೆಗೆದಿಟ್ಟ ನೀರನ್ನೂ ಸ್ವಲ್ಪಸ್ವಲ್ಪವಾಗಿ ಹೊಯ್ಯುತ್ತ, ಗಂಟಾಗದಂತೆ ಕಲಕುತ್ತ, ಹಸಿ ವಾಸನೆ ಹೋಗುವವರೆಗೆ 5 ನಿಮಿಷ ಕುದಿಸಿ, ಮೆಣಸಿನ ಪುಡಿಯನ್ನೂ ತೇದ ಜಾಯಿಕಾಯಿಯನ್ನೂ ಸೇರಿಸಬೇಕು. ಡಬ್ಬಿಯ ಮಾಂಸ ಆಗಲೇ ಬೆಂದಿರುತ್ತದೆ, ಉಪ್ಪೂ ಕೂಡಿರುತ್ತದೆ. ಅದನ್ನು ಹೆಚ್ಚಿದ ಈರುಳ್ಳಿಯೊಡನೆ ಸ್ವಲ್ಪ ಬಾಡಿಸಿ, ಸಾಸಿನೊಂದಿಗೆ ಒಂದು ಚಮಚ ಕೂಡಿಸಿ ರುಚಿ ನೋಡಿದ ನಂತರವೇ ಉಪ್ಪಿನ ಮಾತು. ಈ ಅಡಿಗೆ ಕೆಡುವುದು ಬಹುಮಟ್ಟಿಗೆ ಉಪ್ಪಿನಿಂದಲೇ.

ಬೆಣ್ಣೆ ಸವರಿದ ಪಾತ್ರೆಯಲ್ಲಿ ಆಲೂಗಡ್ಡೆ, ಮಾಂಸ, ನವಿಲುಕೋಸು, ಸಾಸು, ಮತ್ತೆ ಅದೇ ಕ್ರಮ. ಎಲ್ಲಕ್ಕೂ ಮೇಲೆ ಬ್ರೆಡ್ಡಿನ ಪುಡಿ, ಚೀಸಿನ ತುರಿ. 190 ಡಿಗ್ರಿ ಶಾಖದ ಓವನ್ನಿನಲ್ಲಿ ಅರ್ಧ ಗಂಟೆಗೆ ಮೇಲ್ಭಾಗ ಹೊಂಬಣ್ಣಕ್ಕೆ ತಿರುಗುತ್ತದೆ. ಓವನ್ ಇಲ್ಲದವರು ದಪ್ಪ ತಳದ ದೊಡ್ಡ ಪಾತ್ರೆಯಲ್ಲಿ ಪುಡಿಯುಪ್ಪನ್ನು ಬೆರಳುದ್ದ ಹರಡಿ, ಕಾಯಿಸಿ, ಅದರೊಳಗೆ ಸ್ಟೀಲಿನ ಪಾತ್ರೆಯನ್ನಿಟ್ಟು ಮುಚ್ಚಿ, ಸಣ್ಣ ಉರಿಯಲ್ಲಿ ಮುಕ್ಕಾಲು ಗಂಟೆ ಇಡಬಹುದು. ಪ್ರೆಷರ್ ಕುಕ್ಕರಾದರೆ ಗ್ಯಾಸ್ಕೆಟ್ಟನ್ನೂ ತೂಕವನ್ನೂ ತೆಗೆದಿಡಬೇಕು. ಹೀಗೆ ಮಾಡಿದಾಗ ಮೇಲ್ಭಾಗ ಕೆಂಪಾಗುವುದಿಲ್ಲವಾದ್ದರಿಂದ ಬ್ರೆಡ್ಡಿನ ಪುಡಿಯನ್ನು ತುಪ್ಪದಲ್ಲಿ ಮೊದಲೇ ಹುರಿದುಕೊಂಡರೆ ಆಯಿತು. ಇಳಿಸಿ ಹತ್ತು ನಿಮಿಷ ಬಿಟ್ಟು ಕತ್ತರಿಸಿದರೆ ಪದರಗಳು ಕುಸಿಯುವುದಿಲ್ಲ. ಕೊತ್ತಂಬರಿಯ ಬದಲು ನವಿಲುಕೋಸಿನ ಎಳೆಯ ಎಲೆಗಳನ್ನೇ ಸಣ್ಣಗೆ ಹೆಚ್ಚಿ ಉದುರಿಸುವುದು ಜರ್ಮನರ ರೂಢಿ, ಒಳ್ಳೆಯ ರೂಢಿ.

“ಇದೇನಮ್ಮ, ಒಗ್ಗರಣೆಯೇ ಇಲ್ಲವಲ್ಲ!” ಎಂದು ಅತ್ತೆಯವರು ಹುಬ್ಬೇರಿಸಿದರೆ ಸೊಸೆ ಗಾಬರಿಯಾಗಬೇಕಾಗಿಲ್ಲ. ಮೊದಲ ಸಲವೇ ಗರಂ ಮಸಾಲೆಯನ್ನೂ ಮೆಣಸಿನಕಾಯಿ ಪುಡಿಯನ್ನೂ ಸುರಿದರೆ ಜರ್ಮನಿಯೂ ಸಿಕ್ಕದು, ಸಾಗುವೂ ಸಿಕ್ಕದು. ಪಕ್ಕದಲ್ಲಿ ನಿಂಬೆಹುಳಿ ಹಿಂಡಿದ ಸೌತೆಕಾಯಿಯ ಕೋಸಂಬರಿಯಿದ್ದರೆ ಹಿರಿಯರ ನಾಲಿಗೆಗೂ ಸಮಾಧಾನ. ಜರ್ಮನರಿಗೂ ಹುಳಿ ಬೆರೆಸಿದ ಸೌತೆಕಾಯಿ ಪ್ರಿಯವೇ. ಮಾಂಸ ಮುಟ್ಟದ ಮನೆಗಳಲ್ಲಿ ಬೇಯಿಸಿದ ಕಾಬೂಲಿ ಕಡಲೆಯನ್ನು ಅದೇ ತೂಕದಲ್ಲಿ ಹಾಕಿದರೆ ಭಕ್ಷ್ಯಕ್ಕೆ ಕೊರತೆಯೇನೂ ಆಗದು.

ಡಬ್ಬಿಯನ್ನು ಒಮ್ಮೆ ತೆರೆದ ಮೇಲೆ ಅದು ಹಸಿ ಮಾಂಸದಷ್ಟೇ ನಾಜೂಕು. ಮಿಕ್ಕದ್ದನ್ನು ಡಬ್ಬಿಯಲ್ಲಿಯೇ ಬಿಡದೆ ಗಾಜಿನ ಅಥವಾ ಸ್ಟೀಲಿನ ಪಾತ್ರೆಗೆ ಹಾಕಿ, ಮುಚ್ಚಿ, ರೆಫ್ರಿಜರೇಟರಿನಲ್ಲಿಟ್ಟು ಎರಡು ದಿನಗಳೊಳಗೆ ಮುಗಿಸಬೇಕು. ಔಫ್ಲೌಫಿನ ಉಳಿದ ತುಂಡನ್ನೂ ಹಾಗೆಯೇ ತಣ್ಣಗಿಟ್ಟು, ಮರುದಿನ ಕಾವಲಿಯ ಮೇಲೆ ಎರಡು ಕಡೆಯೂ ಗರಿಗರಿಯಾಗುವಂತೆ ಒಮ್ಮೆ ಮಾತ್ರ ಬಿಸಿಮಾಡಿಕೊಂಡರೆ, ಹಿಂದಿನ ರಾತ್ರಿಗಿಂತ ಆಗಲೇ ರುಚಿ ಹೆಚ್ಚೆನ್ನುವವರುಂಟು.